ಮೂಲೆಯ ಮನೆ ಉಳಿದ ಬಗೆ: ಗೆಳೆಯನಿಗೊಂದು ಪತ್ರ

ಪ್ರೀತಿಯ ಗೆಳೆಯ,

ನಿನ್ನ ಕಾಗದ ಓದಿದಂದಿನಿಂದ ಮನಸ್ಸಿಗೆ ಸಮಾಧಾನವಿಲ್ಲ. ನಿಮ್ಮ ತಂದೆಯವರ ಕಾಲದ ಮೂಲೆ ಅಂಗಡಿಯ ಗೋಡೆಗೆ ರಸ್ತೆ ಅಗಲೀಕರಣದವರು ಕೆಂಪು ಬಣ್ಣದಲ್ಲಿ ಗುರುತು ಹಾಕಿ ಹೋದರೆಂದು ಬರೆದಿದ್ದೆ. ಆ ಅಂಗಡಿಯ ಜಗಲಿಯ ಮೇಲೆ ಕುಳಿತು ನಾವು ತಿಂದ ಕಡಲೆಮಿಠಾಯಿಗೆ ಲೆಕ್ಕವುಂಟೇ? ಏನು ಬರೆಯಬೇಕೆಂದು ತೋಚದೆ ಮೊನ್ನೆ ಶನಿವಾರ ಥೇಮ್ಸ್ ದಂಡೆಯ ಬಸವಣ್ಣನ ಪ್ರತಿಮೆಯಿಂದ ಹೊರಟು, ನದಿಯಗುಂಟ ನಡೆದು, ಬ್ಲ್ಯಾಕ್‌ಫ್ರಯರ್ಸ್ ಸೇತುವೆ ದಾಟಿದೆ. ಆಚೆ ತುದಿಯಲ್ಲಿ, ರೈಲು ನಿಲ್ದಾಣಕ್ಕೆ ಎದುರಾಗಿ, 'ದಿ ಬ್ಲ್ಯಾಕ್ ಫ್ರಯರ್' ಎಂಬ ಪಬ್ ಇದೆ. ಅದರ ವಿಷಯವನ್ನು ನಿನಗೆ ಹೇಳಲೇಬೇಕು.

ಸೌದೆ ಸೀಳುವ ಬೆಣೆಯ ಆಕಾರದ ಕಟ್ಟಡವದು. ಮುಂಭಾಗದ ಚೂಪು ಮೂಲೆಯಲ್ಲಿ, ಬಾಗಿಲಿನ ಮೇಲೆ, ಕಪ್ಪು ನಿಲುವಂಗಿಯ ದಡೂತಿ ಸಂನ್ಯಾಸಿಯೊಬ್ಬ ಹೊಟ್ಟೆಯ ಮೇಲೆ ಕೈಯಿಟ್ಟು ನಗುತ್ತಾ ನಿಂತಿದ್ದಾನೆ. ಸುತ್ತಲೂ ಗಾಜಿನ ಕಚೇರಿಗಳು. ಅವುಗಳ ನಡುವೆ ಈ ನಾಲ್ಕಂತಸ್ತಿನ ಮನೆ ಒಂಟಿಯಾಗಿದೆ.

ಸಂನ್ಯಾಸಿ ಅಲ್ಲಿಗೆ ಸುಮ್ಮನೆ ಬಂದವನಲ್ಲ. 13ನೆಯ ಶತಮಾನದಲ್ಲಿ ಆ ನೆಲದಲ್ಲಿ ಡೊಮಿನಿಕನ್ ಎಂಬ ಕ್ರೈಸ್ತ ಪಂಥದವರ ಮಠವಿತ್ತು. ಬಿಳಿ ಉಡುಪಿನ ಮೇಲೆ ಅವರು ಕಪ್ಪು ಮೇಲಂಗಿ ಹೊದೆಯುತ್ತಿದ್ದರು. ಜನ ಅವರನ್ನು 'ಬ್ಲ್ಯಾಕ್ ಫ್ರಯರ್ಸ್', ಎಂದರೆ ಕಪ್ಪು ಸಂನ್ಯಾಸಿಗಳು, ಎಂದರು, ಹೆಸರು ಬಡಾವಣೆಗೂ ಅಂಟಿಕೊಂಡಿತು. 1529ರಲ್ಲಿ ಇಂಗ್ಲೆಂಡಿನ ರಾಜ ಎಂಟನೆಯ ಹೆನ್ರಿ ತನ್ನ ರಾಣಿ ಕ್ಯಾಥರೀನ್‌ಳೊಂದಿಗಿನ ಮದುವೆಯನ್ನು ಅನೂರ್ಜಿತಗೊಳಿಸಿಕೊಳ್ಳಲು ಹೂಡಿದ ವಿಚಾರಣೆ ನಡೆದದ್ದು ಇದೇ ಮಠದಲ್ಲಿ. ರಾಣಿ ತುಂಬಿದ ಸಭೆಯಲ್ಲಿ ರಾಜನ ಮುಂದೆ ಮೊಣಕಾಲೂರಿ ನ್ಯಾಯ ಬೇಡಿದಳು, ಬಳಿಕ ಎದ್ದು ಹೊರನಡೆದಳು, ಕರೆದರೂ ಹಿಂದಿರುಗಲಿಲ್ಲ. ಪೋಪ್ ಒಪ್ಪಿಗೆ ಕೊಡಲಿಲ್ಲ. ರಾಜ ರೋಮ್‌ನ ನಂಟನ್ನೇ ಕಡಿದುಕೊಂಡ. 1538ರಲ್ಲಿ ಆ ಮಠಕ್ಕೂ ಬೀಗ ಬಿತ್ತು. ಮುಂದೆ ಅದರ ಕಟ್ಟಡದ ಒಂದು ಭಾಗ ನಾಟಕಶಾಲೆಯಾಯಿತು, ಶೇಕ್ಸ್‌ಪಿಯರ್‌ನ ತಂಡ ಅಲ್ಲಿ ಆಡಿತು. ಆ ಕಥೆಯೇ ಬೇರೆ, ಇನ್ನೊಮ್ಮೆ ಬರೆಯುತ್ತೇನೆ.

ಪಬ್ ಕಟ್ಟಿದ್ದು 1875ರ ಸುಮಾರಿಗೆ. ಅದಕ್ಕೆ ಸ್ವಲ್ಪ ಮೊದಲು ಹಳೆಯ ಓಣಿಗಳನ್ನು ಸೀಳಿಕೊಂಡು ಕ್ವೀನ್ ವಿಕ್ಟೋರಿಯಾ ಬೀದಿ ಹೊಸದಾಗಿ ಬಂದಿತ್ತು, ಪಕ್ಕದಲ್ಲೇ ರೈಲಿನ ಮೇಲ್ಸೇತುವೆಯೂ ಎದ್ದಿತ್ತು. ಇವೆರಡರ ನಡುವಿನ ಮೊನಚು ತುಂಡಿನಲ್ಲಿ ಈ ಮನೆ ಮೇಲೆದ್ದಿತು. ಗಮನಿಸು, ಇದಕ್ಕೆ ಈ ರೂಪ ಕೊಟ್ಟದ್ದೇ ರಸ್ತೆ.

ಆಗ ಅದು ಹತ್ತರಲ್ಲಿ ಹನ್ನೊಂದನೆಯದು. 1905ರ ಸುಮಾರಿಗೆ ವಾಸ್ತುಶಿಲ್ಪಿ ಹರ್ಬರ್ಟ್ ಫುಲ್ಲರ್-ಕ್ಲಾರ್ಕ್ ಮತ್ತು ಶಿಲ್ಪಿ ಹೆನ್ರಿ ಪೂಲ್ ಅದರ ಒಳಗನ್ನು ಕೈಗೆತ್ತಿಕೊಂಡರು. ಬಾಗಿಲು ನೂಕಿ ಒಳಗೆ ಕಾಲಿಟ್ಟಾಗ ನನಗೆ ಮಾತೇ ಹೊರಡಲಿಲ್ಲ. ಗೋಡೆಯ ತುಂಬ ಬಣ್ಣಬಣ್ಣದ ಅಮೃತಶಿಲೆ, ಅದರ ಮೇಲೆ ತಾಮ್ರದ ಉಬ್ಬುಶಿಲ್ಪಗಳು. ಒಂದರಲ್ಲಿ ಸಂನ್ಯಾಸಿಗಳು ಸೇಬು, ದ್ರಾಕ್ಷಿ ಕೀಳುತ್ತಿದ್ದಾರೆ, ಹೆಸರು 'ಶನಿವಾರದ ಮಧ್ಯಾಹ್ನ'. ಇನ್ನೊಂದರ ಹೆಸರು 'ನಾಳೆ ಶುಕ್ರವಾರ'. ಅದರಲ್ಲಿ ಅವರು ಮೀನು ಹಿಡಿಯುತ್ತಿದ್ದಾರೆ. ಶುಕ್ರವಾರ ಅವರಿಗೆ ಮಾಂಸ ವರ್ಜ್ಯ, ಮೀನು ಆಗುತ್ತದೆ. ನಾಳಿನ ಊಟಕ್ಕೆ ಗುರುವಾರವೇ ಸಿದ್ಧತೆ! ನಿಮ್ಮ ಅಜ್ಜಿ ದ್ವಾದಶಿಯ ಪಾರಣೆಗೆ ಏಕಾದಶಿಯ ಸಂಜೆಯೇ ಅಗಸೆಸೊಪ್ಪು ಬಿಡಿಸಿಡುತ್ತಿದ್ದುದು ನೆನಪಾಗಿ ಗಂಟಲು ಕಟ್ಟಿತು. ಈ ಕೆಲಸದಲ್ಲಿ ಸಂನ್ಯಾಸಿಗಳ ಬಗ್ಗೆ ಕುಹಕವಿಲ್ಲ. ಅವರೂ ಹಸಿಯುವ, ದಣಿಯುವ, ಹಾಡುವ ಮನುಷ್ಯರೆಂಬ ಅಕ್ಕರೆ ಇದೆ.

ಒಳಮೂಲೆಯಲ್ಲಿ, ರೈಲು ಹಳಿಯ ಕೆಳಗೆ, ಕಮಾನು ಚಾವಣಿಯ ಸಣ್ಣ ಕೋಣೆಯೊಂದಿದೆ. ಇದನ್ನು ಆಮೇಲೆ ಸೇರಿಸಿದ್ದು. ಅಲ್ಲಿನ ಗೋಡೆಯ ಮೇಲೆ ಗಾದೆಗಳನ್ನು ಕೆತ್ತಿದ್ದಾರೆ. 'ಅವಸರವೇ ನಿಧಾನ' ಎಂದು ಒಂದು. ನಮ್ಮ 'ನಿಧಾನವೇ ಪ್ರಧಾನ'ಕ್ಕೆ ಲಂಡನ್ನಿನಲ್ಲೊಬ್ಬ ತಮ್ಮ ಸಿಕ್ಕಂತಾಯಿತು. ಅರ್ಧ ಪಿಂಟ್ ಬಿಯರ್ ಹಿಡಿದು ಅಲ್ಲಿ ಒಂದು ಗಂಟೆ ಕುಳಿತಿದ್ದೆ. ನೀನು ಕುಡಿಯುವವನಲ್ಲ, ಆದರೂ ನಿನ್ನನ್ನು ಅಲ್ಲಿಗೆ ಕರೆದೊಯ್ಯುವ ಆಸೆ. ಪಬ್ ಎಂಬುದು 'ಪಬ್ಲಿಕ್ ಹೌಸ್' ಎಂಬುದರ ಮೊಟಕು ರೂಪ, ಎಂದರೆ ಹತ್ತು ಜನರ ಮನೆ. ಪಕ್ಕದ ಮೇಜಿನಲ್ಲಿ ವಯಸ್ಸಾದ ದಂಪತಿ ಚಹಾ ಕುಡಿಯುತ್ತಾ ಪತ್ರಿಕೆಯ ಪದಬಂಧ ತುಂಬಿಸುತ್ತಿದ್ದರು.

ಈಗ ನಿನಗೆ ಬೇಕಾದ ಭಾಗ. 1960ರ ದಶಕದಲ್ಲಿ ಇದೇ ಮನೆಯನ್ನು ಕೆಡವಲು ಹೊರಟಿದ್ದರು. ಕಾರಣ ನಿನಗೆ ಚೆನ್ನಾಗಿ ಗೊತ್ತಿರುವುದೇ, ರಸ್ತೆ. ಆ ಹೊತ್ತಿನಲ್ಲಿ ಹಳೆಯದನ್ನು ಉರುಳಿಸುವುದೇ ಪ್ರಗತಿ ಎನಿಸಿತ್ತು. ಯೂಸ್ಟನ್ ನಿಲ್ದಾಣದ ಮುಂದಿದ್ದ ಭಾರಿ ಕಲ್ಲಿನ ಮಹಾದ್ವಾರವನ್ನು, ಎಷ್ಟು ಜನ ಬೇಡವೆಂದರೂ, ಅದೇ ದಶಕದ ಆರಂಭದಲ್ಲಿ ಒಡೆದು ಹಾಕಿದ್ದರು. ಅದನ್ನು ಉಳಿಸಲು ಹೋರಾಡಿ ಸೋತವರಲ್ಲಿ ಕವಿ ಜಾನ್ ಬೆಟ್ಜಮನ್ ಒಬ್ಬರು. ಸೋತವರು ಕೈಚೆಲ್ಲಲಿಲ್ಲ, ಈ ಪಬ್ಬಿನ ಪರವಾಗಿಯೂ ನಿಂತು ದನಿಯೆತ್ತಿದರು. ಈ ಬಾರಿ ಗೆದ್ದರು. ಇಂದು ಅದು ಕಾನೂನಿನ ರಕ್ಷಣೆಯಿರುವ ಪಾರಂಪರಿಕ ಕಟ್ಟಡ.

ನಿಮ್ಮ ಅಂಗಡಿಯಲ್ಲಿ ತಾಮ್ರದ ಶಿಲ್ಪವಿಲ್ಲ, ಒಪ್ಪಿದೆ. ಆದರೆ ಏನೂ ಇಲ್ಲವೆಂದು ನೀನೇ ಬರೆದದ್ದು ನನಗೆ ಸರಿಬರಲಿಲ್ಲ. ಕಾವಿ ನೆಲ ಗಲ್ಲಾಪೆಟ್ಟಿಗೆಯ ಮುಂದೆ ಕಾಲ ಸವೆತಕ್ಕೆ ತಗ್ಗಾಗಿದೆ. ತೇಗದ ಬಾಗಿಲ ಹಲಗೆಗಳ ಹಿಂಬದಿಯಲ್ಲಿ, ಜೋಡಿಸಲು ಅನುಕೂಲವಾಗಲೆಂದು, ನಿಮ್ಮ ತಂದೆ ಒಂದರಿಂದ ಹನ್ನೊಂದರವರೆಗೆ ಕನ್ನಡ ಅಂಕಿಗಳನ್ನು ಕೆತ್ತಿದ್ದರು. ಏಳನೆಯ ಹಲಗೆಯ ಅಂಕಿ ತಲೆಕೆಳಗಾಗಿದೆ. ಅದನ್ನು ನಾನಿನ್ನೂ ಮರೆತಿಲ್ಲ.

ನಾಳೆಯೇ ಹನ್ನೊಂದು ಹಲಗೆಗಳ ಫೋಟೊ ತೆಗೆ. ನೆಲದ್ದು, ತಕ್ಕಡಿಯದು, ಹೊರಗಿನ ಕೆಂಪು ಗುರುತಿನದ್ದೂ ಇರಲಿ. ಹಳೆಯ ಕಂದಾಯ ರಸೀದಿಗಳನ್ನು ಟ್ರಂಕಿನಿಂದ ಹೊರಗೆ ತೆಗೆದು ವರ್ಷದ ಪ್ರಕಾರ ಜೋಡಿಸು. ಬೀದಿಯ ಹಿರಿಯರ ಬಳಿ ಕುಳಿತು ಅವರು ಹೇಳುವುದನ್ನು ಬರೆದುಕೋ. ಆಕ್ಷೇಪಣೆಯ ಅರ್ಜಿಯನ್ನು ನಾನು ಕರಡು ಮಾಡಿ ಈ ವಾರದೊಳಗೆ ಕಳಿಸುತ್ತೇನೆ. ಡಿಸೆಂಬರಿನಲ್ಲಿ ಊರಿಗೆ ಬರುತ್ತಿದ್ದೇನೆ, ಜಗಲಿಯ ಮೇಲೆ ನನಗೊಂದು ಜಾಗ ಇಟ್ಟಿರು.

ನಿನ್ನವನೇ,
ಲಂಡನ್ನಿನಿಂದ ನಿನ್ನ ಗೆಳೆಯ