ಹಾಲಿನ ಲೆಕ್ಕದ ಜೊತೆ ಕರುವಿನ ಲೆಕ್ಕವೂ ಬರಲಿ

ಸಂಪಾದಕರೇ,

ಹಾಲು ಉತ್ಪಾದನೆಯಲ್ಲಿ ಭಾರತವೇ ಜಗತ್ತಿಗೆ ಮೊದಲು ಎಂಬ ಸುದ್ದಿ ಪ್ರತಿ ವರ್ಷ ನವೆಂಬರ್ 26ರ ರಾಷ್ಟ್ರೀಯ ಹಾಲು ದಿನದ ಆಸುಪಾಸಿನಲ್ಲಿ ಬರುತ್ತದೆ. ಮಾತು ನಿಜವೇ. 2014–15ರಲ್ಲಿ 14.6 ಕೋಟಿ ಟನ್ ಇದ್ದದ್ದು 2023–24ಕ್ಕೆ 23.9 ಕೋಟಿ ಟನ್ ಆಗಿದೆ. ಆದರೆ ಏರಿಕೆಯ ವೇಗ 2021–22ರಲ್ಲಿ ಶೇ 5.77 ಇದ್ದದ್ದು ಮರುವರ್ಷ ಶೇ 3.83ಕ್ಕೆ, ಅದರ ಮರುವರ್ಷ ಶೇ 3.78ಕ್ಕೆ ಇಳಿಯಿತು. 2022ರ ಚರ್ಮಗಂಟು ರೋಗ ಇದಕ್ಕೆ ಒಂದು ಕಾರಣ. ಅದೊಂದೇ ಕಾರಣವಾಗಿದ್ದರೆ ಮರುವರ್ಷ ಚೇತರಿಕೆ ಕಾಣಬೇಕಿತ್ತು.

ಈ ಅಂಕಿಗಳೆಲ್ಲ ಬೇಸಿಗೆ, ಮಳೆಗಾಲ, ಚಳಿಗಾಲಗಳಲ್ಲಿ ನಡೆಯುವ ಮಾದರಿ ಸಮೀಕ್ಷೆಯ ಅಂದಾಜು. 2023–24ರಲ್ಲಿ ಎಮ್ಮೆ ಹಾಲು ಶೇ 16ರಷ್ಟು ಇಳಿದು, ನಾಟಿ ಹಸುವಿನ ಹಾಲು ಶೇ 44ಕ್ಕೂ ಹೆಚ್ಚು ಏರಿತೆಂದು ಇದೇ ಲೆಕ್ಕ ಹೇಳುತ್ತದೆ. ಒಂದೇ ವರ್ಷದಲ್ಲಿ ಕೊಟ್ಟಿಗೆಗಳು ಹಾಗೆ ಬದಲಾಗುವುದಿಲ್ಲ. ಹಾಗಾಗಿ ಒಟ್ಟು ಟನ್ನಿನ ಜೊತೆಗೆ ಇನ್ನೊಂದು ಅಳತೆಯನ್ನೂ ಪ್ರಕಟಿಸಬೇಕು: ಎರಡು ಕರುಗಳ ನಡುವಿನ ಅಂತರ.

ಒಂದು ಸೂಲಿಗೆ (ಕರು ಹಾಕಿದಾಗಿನಿಂದ ಹಾಲು ಬತ್ತುವವರೆಗೆ) 3,000 ಲೀಟರ್ ಕೊಡುವ ಮಿಶ್ರತಳಿ ಹಸು 12 ತಿಂಗಳಿಗೊಮ್ಮೆ ಕರು ಹಾಕಿದರೆ, ಬತ್ತಿದ ದಿನಗಳನ್ನೂ ಸೇರಿಸಿ ದಿನಕ್ಕೆ 8.2 ಲೀಟರ್ ಬೀಳುತ್ತದೆ. ಅಂತರ 16 ತಿಂಗಳಾದರೆ 6.2 ಲೀಟರ್. ಹೆಚ್ಚುವರಿ ತಿಂಗಳುಗಳಲ್ಲಿ ಬರುವ ಕೊನೆಗಾಲದ ಹಾಲು ಈ ನಷ್ಟವನ್ನು ತುಂಬಿಕೊಡುವುದಿಲ್ಲ. ಮೇವು, ಹಿಂಡಿ ಮಾತ್ರ ದಿನವೂ ಬೇಕು.

ವರ್ಷಕ್ಕೊಂದು ಕರು ಬೇಕಾದರೆ ಕರು ಹಾಕಿದ 85–90 ದಿನದೊಳಗೆ ಹಸು ಮತ್ತೆ ಗಬ್ಬ ಕಟ್ಟಬೇಕು. ತಪ್ಪುವುದು ಇಲ್ಲೇ. ಬೇಸಿಗೆಯಲ್ಲಿ ಸೀಮೆಹಸುಗಳ ಬೆದೆ, ಅಂದರೆ ಗಬ್ಬ ಕಟ್ಟಲು ಸಿದ್ಧವಾದ ಲಕ್ಷಣ, ಎದ್ದು ಕಾಣುವುದಿಲ್ಲ, ಎಷ್ಟೋ ಸಲ ರಾತ್ರಿಯೇ ಬಂದು ಹೋಗುತ್ತದೆ. ಒಂದು ಬೆದೆ ತಪ್ಪಿದರೆ 21 ದಿನ ಹೋಯಿತು. ಬೆಳಿಗ್ಗೆ ಐದರ ಸುಮಾರಿಗೆ, ರಾತ್ರಿ ಮಲಗುವ ಮುಂಚೆ ಒಮ್ಮೆ ತಿಳಿ ಲೋಳೆ ಸುರಿಯುತ್ತಿದೆಯೇ, ಬೇರೆ ದನ ಹತ್ತಿದರೆ ಅಲುಗದೆ ನಿಲ್ಲುತ್ತದೆಯೇ ಎಂದು ನೋಡಬೇಕು. ಬೆಳಿಗ್ಗೆ ಕಂಡರೆ ಸಂಜೆ, ಸಂಜೆ ಕಂಡರೆ ಮರುದಿನ ಬೆಳಿಗ್ಗೆ ಕೃತಕ ಗರ್ಭಧಾರಣೆ ಮಾಡಿಸಬೇಕು.

ಹೆಪ್ಪುಗಟ್ಟಿಸಿದ ವೀರ್ಯ ತುಂಬಿದ ನಳಿಕೆಯನ್ನು 37 ಡಿಗ್ರಿಯ ನೀರಿನಲ್ಲಿ 30 ಸೆಕೆಂಡ್ ಇಟ್ಟು ಕರಗಿಸಬೇಕು. ಅಂಗೈಯಲ್ಲಿ ಉಜ್ಜಿ ಕರಗಿಸುವುದು, ನಳಿಕೆ ಹುಡುಕುತ್ತ ದ್ರವ ಸಾರಜನಕದ ಜಾಡಿಯ ಬಾಯಿಂದ ಮೇಲೆ ಎತ್ತಿ ಹಿಡಿಯುವುದು, ಎರಡರಿಂದಲೂ ವೀರ್ಯಾಣು ಸಾಯುತ್ತದೆ. ಹಸು ಮತ್ತೆ ಬೆದೆಗೆ ಬಂದಾಗ ದೂರು ಮಾತ್ರ ಹಸುವಿನ ಮೇಲೆ.

ಎರಡನೆಯದು ಹೊಟ್ಟೆಗೆ ಹಾಕುವುದು. ಕರು ಹಾಕಿದ ಮೊದಲ ಎರಡು ತಿಂಗಳು ತಿಂದದ್ದಕ್ಕಿಂತ ಹೆಚ್ಚು ಶಕ್ತಿ ಹಾಲಿಗೆ ಹೋಗಿ ಹಸು ಸೊರಗುತ್ತದೆ. ಸೊರಗಿದ ಹಸು ಬೆದೆಗೆ ಬರುವುದು ತಡ. ಶರೀರ ಪೋಷಣೆಗೆ 2 ಕೆ.ಜಿ., ಮೇಲೆ ಪ್ರತಿ ಎರಡೂವರೆ ಲೀಟರ್ ಹಾಲಿಗೆ 1 ಕೆ.ಜಿ. ಪಶು ಆಹಾರ, ಅಂದರೆ 10 ಲೀಟರಿನ ಹಸುವಿಗೆ 6 ಕೆ.ಜಿ., 50 ಗ್ರಾಂ ಖನಿಜ ಮಿಶ್ರಣ, 20–25 ಕೆ.ಜಿ. ಹಸಿ ಮೇವು, 5 ಕೆ.ಜಿ. ಒಣಹುಲ್ಲು ಬೇಕು. ರಾಗಿ ಹುಲ್ಲೊಂದನ್ನೇ ನಂಬಿದ ಕಡೆ ಖನಿಜದ ಕೊರತೆಯಿಂದಲೇ ಎಷ್ಟೋ ಹಸು ಗಬ್ಬ ನಿಲ್ಲುವುದಿಲ್ಲ.

ನಮ್ಮ ರಾಜ್ಯ ಲೀಟರಿಗೆ 5 ರೂಪಾಯಿ ಪ್ರೋತ್ಸಾಹಧನ ಇಟ್ಟಿದೆ, ಒಳ್ಳೆಯದು. ಆದರೆ ಅದು ಸಿಗುವುದು ಹಾಲು ಕರೆಯುವ ಹಸುವಿಗೆ; ಗಬ್ಬ ಕಟ್ಟದೆ ಬತ್ತಿ ನಿಂತ ಹಸುವಿನ ಖರ್ಚು ಪೂರ್ತಿ ರೈತರದ್ದೇ. ಕೃತಕ ಗರ್ಭಧಾರಣೆಯಾದ 60ರಿಂದ 90 ದಿನದೊಳಗೆ ಪ್ರತಿ ಹಸುವಿಗೂ ಉಚಿತ ಗರ್ಭಪರೀಕ್ಷೆ ಆಗಲಿ. ದನದ ಕಿವಿಗೆ ಹಾಕುವ ಗುರುತಿನ ಓಲೆಯ 12 ಅಂಕಿಯ ಸಂಖ್ಯೆಯಡಿ ಕೃತಕ ಗರ್ಭಧಾರಣೆ, ಕರು ಹಾಕಿದ ದಿನಾಂಕ ಎರಡನ್ನೂ ದಾಖಲಿಸಲು ಈಗಾಗಲೇ ವ್ಯವಸ್ಥೆಯಿದೆ. ಅದರಿಂದ ತಾಲ್ಲೂಕುವಾರು ಕರುವಿನ ಅಂತರವನ್ನು ಪಶುಸಂಗೋಪನಾ ಇಲಾಖೆ ವರ್ಷಕ್ಕೊಮ್ಮೆ ಪ್ರಕಟಿಸಲಿ.

— ಒಬ್ಬ ಪಶುವೈದ್ಯ, ಹಾಸನ ಜಿಲ್ಲೆ