ಬಾಡಿಗೆ ಪುಸ್ತಕದ ಕಪಾಟಿನ ಬಗ್ಗೆ ಅಣ್ಣನಿಗೆ

ಲೈಪ್‌ಜಿಗ್, ಜರ್ಮನಿ

ಪ್ರೀತಿಯ ಅಣ್ಣ,

ನಾನು ಇಲ್ಲಿ ಕ್ಷೇಮ. ಅಮ್ಮನ ಮಂಡಿನೋವು ಈಗ ಹೇಗಿದೆ? ಅತ್ತಿಗೆ ಕಳಿಸಿದ ಚಟ್ನಿಪುಡಿ ಇನ್ನೂ ಅರ್ಧ ಡಬ್ಬಿ ಇದೆ, ಅವರಿಗೆ ಹೇಳು.

ಹೋದ ವಾರ ಫೋನಿನಲ್ಲಿ ನೀನು ಅಂಗಡಿಯ ಬಾಡಿಗೆ ಪುಸ್ತಕಗಳನ್ನೆಲ್ಲ ರದ್ದಿಗೆ ಹಾಕಿ, ಆ ಜಾಗದಲ್ಲಿ ಜೆರಾಕ್ಸ್ ಮಷಿನ್ ಇಡುತ್ತೇನೆ ಎಂದೆ. ಆಗ ನನಗೆ ಮಾತೇ ಹೊರಡಲಿಲ್ಲ. ಅದಕ್ಕೇ ಈ ಪತ್ರ.

ವಿಡಿಯೋ ಕಾಲ್‌ನಲ್ಲಿ ನಿನಗೊಂದು ಪುಟ್ಟ ಹಳದಿ ಪುಸ್ತಕ ತೋರಿಸಿದ್ದೆ, ನೆನಪಿದೆಯಾ? ಅದು ರೆಕ್ಲಾಮ್ ಎಂಬ ಪ್ರಕಾಶನದ ಅಗ್ಗದ ಪುಸ್ತಕಮಾಲೆಯದು. ಇಲ್ಲಿ ಶಾಲೆಗೆ ಹೋದವರೆಲ್ಲರ ಕೈಗೂ ಒಮ್ಮೆಯಾದರೂ ಅದು ಬಂದಿರುತ್ತದೆ. ಮೊನ್ನೆ ಅದರದೇ ಒಂದು ಸಣ್ಣ ಮ್ಯೂಸಿಯಂಗೆ ಹೋಗಿದ್ದೆ, ಕ್ರಾಯ್ಟ್ಸ್‌ಸ್ಟ್ರಾಸೆ ಎಂಬ ಬೀದಿಯಲ್ಲಿದೆ. ಆ ಮಾಲೆ ಶುರುಮಾಡಿದವರು ಆಂಟನ್ ಫಿಲಿಪ್ ರೆಕ್ಲಾಮ್. ಹುಟ್ಟಿದ್ದು 1807ರಲ್ಲಿ, ಇದೇ ಊರಲ್ಲಿ. ಅವರಪ್ಪನದೂ ಪುಸ್ತಕದ ವ್ಯಾಪಾರವೇ. ಬ್ರೌನ್‌ಶ್ವೈಗ್‌ನಲ್ಲಿ ನೆಂಟರ ಹತ್ತಿರ ಕೆಲಸ ಕಲಿತು ಬಂದರು. 1828ರಲ್ಲಿ ಅಪ್ಪನಿಂದ 3,000 ಟಾಲರ್ (ಆಗಿನ ಬೆಳ್ಳಿ ನಾಣ್ಯ) ಸಾಲ ಪಡೆದು ಕೊಂಡಿದ್ದೇನು ಗೊತ್ತಾ? ಒಂದು ಬಾಡಿಗೆ ಲೈಬ್ರರಿ! ಆಗ ಅವರಿಗೆ ಇನ್ನೂ 20 ವರ್ಷ.

ಪತ್ರಿಕೆ ಓದುವ ಕೋಣೆಯೂ ಅಲ್ಲೇ ಇತ್ತು. ಸರ್ಕಾರವನ್ನು ಪ್ರಶ್ನಿಸುವವರೆಲ್ಲ ಅಲ್ಲಿ ಸೇರುತ್ತಿದ್ದರು. ಜೊತೆಗೆ ಪ್ರಕಾಶನವನ್ನೂ ಶುರುಮಾಡಿದರು. ಅವರ ಪುಸ್ತಕಗಳ ಧೈರ್ಯ ಎಷ್ಟಿತ್ತೆಂದರೆ 1846ರಲ್ಲಿ ಆಸ್ಟ್ರಿಯಾ ಅವನ್ನೆಲ್ಲ ಒಟ್ಟಿಗೆ ನಿಷೇಧಿಸಿತು.

ಇನ್ನೊಂದು ವಿಷಯ ಮುಚ್ಚಿಡಲಾರೆ. ಆ ಲೈಬ್ರರಿಯನ್ನು ಅವರೂ 1837ರಲ್ಲಿ ಮಾರಿಬಿಟ್ಟರು. ಎರಡು ವರ್ಷಕ್ಕೆ ಒಂದು ಪ್ರೆಸ್ ಕೊಂಡರು. ಆದರೆ ಪುಸ್ತಕ ಕೊಳ್ಳಲು ದುಡ್ಡಿಲ್ಲದೆ ಬಾಡಿಗೆಗೆ ಒಯ್ಯುತ್ತಿದ್ದರಲ್ಲ, ಆ ಓದುಗರು ಅವರ ಮನಸ್ಸಿನಿಂದ ಹೋಗಲಿಲ್ಲ ಅಂತ ನನಗೆ ಅನಿಸುತ್ತದೆ. ಮುಂದೆ ಮಾಡಿದ್ದನ್ನು ನೋಡಿದರೆ ಹಾಗೇ ಕಾಣುತ್ತದೆ.

ಆಗ ಜರ್ಮನ್ ಭಾಷೆಯ ದೊಡ್ಡ ಸಾಹಿತಿಗಳಾದ ಗಯಟೆ, ಶಿಲ್ಲರ್ ಇವರ ಪುಸ್ತಕಗಳ ಹಕ್ಕು ಕೆಲವೇ ಪ್ರಕಾಶಕರ ಕೈಯಲ್ಲಿತ್ತು, ಬೆಲೆಯೂ ಜಾಸ್ತಿ. ಹೊಸ ಕಾನೂನಿನ ಪ್ರಕಾರ, ತೀರಿಕೊಂಡು 30 ವರ್ಷ ದಾಟಿದ ಲೇಖಕರ ಕೃತಿಗಳು 1867ರ ನವೆಂಬರ್ 9ಕ್ಕೆ ಎಲ್ಲರಿಗೂ ಮುಕ್ತವಾದವು. ಆ ದಿನಕ್ಕಾಗಿ ಇವರು ಕಾದು ಕುಳಿತಿದ್ದರು, ಸುಮ್ಮನೆ ಅಲ್ಲ, ಎಲ್ಲ ತಯಾರಿ ಮಾಡಿಕೊಂಡು. ಮರುದಿನವೇ ಮಾಲೆ ಹೊರಬಂತು. ಮೊದಲ ನಂಬರ್ ಗಯಟೆಯ 'ಫೌಸ್ಟ್' ನಾಟಕ. ಬೆಲೆ 2 ಸಿಲ್ಬರ್‌ಗ್ರೊಶೆನ್, ಆಗಿನ ಚಿಲ್ಲರೆ ಕಾಸು. ಇಡೀ ಸೆಟ್ ಕೊಳ್ಳಬೇಕಿಲ್ಲ, ಬೇಕಾದ ಒಂದನ್ನೇ ಬಿಡಿಯಾಗಿ ಕೊಳ್ಳಬಹುದಿತ್ತು. ನನಗೆ ತುಂಬ ಇಷ್ಟವಾದ್ದು ಇದೇ ಅಣ್ಣ. ಸೆಟ್ ಕೊಳ್ಳುವ ಶಕ್ತಿ ಇಲ್ಲದವರು ನಮ್ಮ ಅಂಗಡಿಗೆ ಎಷ್ಟು ಜನ ಬರುತ್ತಿದ್ದರು, ಅಲ್ವಾ?

ಅಷ್ಟು ಕಡಿಮೆ ಬೆಲೆ ಹೇಗೆ ಸಾಧ್ಯವಾಯಿತು ಎಂದು ನೀನು ಕೇಳೇ ಕೇಳುತ್ತೀಯ. ಅಕ್ಷರದ ಮೊಳೆ ಜೋಡಿಸಿದ ಪ್ರತಿ ಪುಟಕ್ಕೂ ಲೋಹದ ಅಚ್ಚು ಎರಕ ಹೊಯ್ದು ಇಟ್ಟುಕೊಳ್ಳುತ್ತಿದ್ದರು. ಪ್ರತಿಗಳು ಮುಗಿದರೆ ಮತ್ತೆ ಮೊಳೆ ಜೋಡಿಸುವ ಖರ್ಚಿಲ್ಲದೆ ಅದೇ ಅಚ್ಚಿನಿಂದ ಮುದ್ರಣ. ಸಣ್ಣ ಅಕ್ಷರ, ಸಣ್ಣ ಅಳತೆ. ಓದಲು ಕಣ್ಣಿಗೆ ಸ್ವಲ್ಪ ಕಷ್ಟ, ಆದರೆ ಜೇಬಿನಲ್ಲಿ ಹಿಡಿಸುತ್ತದೆ. ಮುಂದೆ ಹೊಸ ನಾಣ್ಯದಲ್ಲಿ 20 ಫೆನ್ನಿಗ್ ಆದ ಆ ಬೆಲೆ 1917ರವರೆಗೂ ಏರಲಿಲ್ಲ! ನಮ್ಮ ಕಾಳಿದಾಸನ 'ಶಾಕುಂತಲ'ವೂ ಈ ಮಾಲೆಯಲ್ಲಿ ಜರ್ಮನ್‌ನಲ್ಲಿ ಬಂದಿದೆ.

ರೆಕ್ಲಾಮ್ 1896ರಲ್ಲಿ ತೀರಿಕೊಂಡಾಗ ಮಾಲೆಯ ನಂಬರ್ 3,000 ದಾಟಿತ್ತು. 1943ರ ಡಿಸೆಂಬರ್‌ನಲ್ಲಿ ಬಾಂಬ್ ಬಿದ್ದು ಇಲ್ಲಿನ ಪುಸ್ತಕದ ಕೇರಿಯೇ ಸುಟ್ಟುಹೋಯಿತು, ಅವರ ಗೋದಾಮಿನಲ್ಲಿದ್ದ ಟನ್‌ಗಟ್ಟಲೆ ಪುಸ್ತಕಗಳೂ ಹೋದವು. ಆ ಬೀದಿಯಲ್ಲಿ ನಿಂತು ಇದನ್ನು ಯೋಚಿಸಿದಾಗ ನನಗೆ ನಿನ್ನ ಕಪಾಟೇ ಕಣ್ಣಮುಂದೆ ಬಂತು.

ಜೆರಾಕ್ಸ್ ಮಷಿನ್ ಖಂಡಿತ ತಾ, ಬೇಡ ಅನ್ನುವುದಿಲ್ಲ. ಬಾಗಿಲ ಪಕ್ಕದ ಮೇಜು ಸ್ವಲ್ಪ ಸರಿಸಿದರೆ ಅಲ್ಲೇ ಜಾಗ ಆಗುತ್ತದೆ. ಡಿಸೆಂಬರ್‌ನಲ್ಲಿ ಊರಿಗೆ ಬರುತ್ತೇನೆ, ಇಬ್ಬರೂ ಕೂತು ಒಂದೊಂದೇ ಪುಸ್ತಕ ತೆಗೆದು ನೋಡೋಣ. ಅಲ್ಲಿಯವರೆಗೆ ರದ್ದಿಯವನನ್ನು ಕರೆಯಬೇಡ.

ಅಮ್ಮನಿಗೆ ನಮಸ್ಕಾರ.

ನಿನ್ನ ತಂಗಿ