ಪುಟ್ಟಿಗೆ, ಮಾರ್ಗೋ ಮಾರ್ಟಿಂಡೇಲ್ ಬಗ್ಗೆ

ಪ್ರೀತಿಯ ಪುಟ್ಟಿ,

ನಾಟಕದಲ್ಲಿ ನೀನು ಮಾಡಿದ ಪಾತ್ರವನ್ನು ಸಿನಿಮಾದಲ್ಲಿ ಬೇರೆಯವರಿಗೆ ಕೊಟ್ಟರು ಅಂತ ಕೇಳಿ ನನಗೂ ಹೊಟ್ಟೆ ಉರಿಯಿತು. ಫೋನಿನಲ್ಲಿ ಏನು ಹೇಳಬೇಕೋ ತೋಚಲಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ಅಮೆರಿಕದಲ್ಲಿ ಮಾರ್ಗೋ ಮಾರ್ಟಿಂಡೇಲ್ ಅಂತ ಒಬ್ಬ ಪೋಷಕ ನಟಿ ಇದ್ದಾರೆ. ಟೆಕ್ಸಸ್‌ನ ಜಾಕ್ಸನ್‌ವಿಲ್‌ನವರು, ಹುಟ್ಟಿದ್ದು 1951ರಲ್ಲಿ. 1987ರಲ್ಲಿ ನ್ಯೂಯಾರ್ಕಿನಲ್ಲಿ 'ಸ್ಟೀಲ್ ಮ್ಯಾಗ್ನೋಲಿಯಾಸ್' ನಾಟಕ ಮೊದಲ ಸಲ ರಂಗಕ್ಕೆ ಬಂದಾಗ ಬ್ಯೂಟಿ ಪಾರ್ಲರ್ ನಡೆಸುವ ಟ್ರೂವಿ ಆಗಿದ್ದವರು ಇವರೇ. ಎರಡು ವರ್ಷಕ್ಕೆ ನಾಟಕ ಸಿನಿಮಾ ಆಯಿತು. ಟ್ರೂವಿ ಪಾತ್ರ ಗಾಯಕಿ ಡಾಲಿ ಪಾರ್ಟನ್ ಪಾಲಾಯಿತು.

ಅಲ್ಲಿಂದ ಮುಂದೆ ವರ್ಷಗಟ್ಟಲೆ ಚಿಕ್ಕ ಚಿಕ್ಕ ಪಾತ್ರಗಳು. 2004ರ 'ಮಿಲಿಯನ್ ಡಾಲರ್ ಬೇಬಿ' ಸಿನಿಮಾದಲ್ಲಿ ಇವರು ನಾಯಕಿಯ ತಾಯಿ. ಬಾಕ್ಸಿಂಗ್ ಮಾಡಿ ಗಳಿಸಿದ ದುಡ್ಡಲ್ಲಿ ಮಗಳು ಮನೆ ಕೊಡಿಸಿದರೆ, ಸರ್ಕಾರದ ಸಹಾಯಧನ ನಿಂತುಹೋಗುತ್ತೆ ಅಂತ ಗೊಣಗುತ್ತಾಳೆ. ಮುಂದೆ ಆ ಮಗಳು ಕತ್ತಿನಿಂದ ಕೆಳಗೆ ಸ್ವಾಧೀನ ಕಳೆದುಕೊಂಡು ಆಸ್ಪತ್ರೆಯಲ್ಲಿ ಮಲಗಿರುವಾಗ, ಆಸ್ತಿಪತ್ರಕ್ಕೆ ಸಹಿ ಹಾಕು ಅಂತ ಅವಳ ಬಾಯಿಗೆ ಪೆನ್ನು ಇಡುತ್ತಾಳೆ. ಇರುವುದು ಕೆಲವೇ ನಿಮಿಷ. ಆ ತಾಯಿಯ ಮೇಲೆ ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ.

ಇನ್ನೊಂದು ದೃಶ್ಯದ ಬಗ್ಗೆ ಹೇಳಲೇಬೇಕು. 'ಜಸ್ಟಿಫೈಡ್' ಧಾರಾವಾಹಿಯಲ್ಲಿ ಇವರು ಮ್ಯಾಗ್ಸ್ ಬೆನೆಟ್. ಕೆಂಟಕಿಯ ಬೆಟ್ಟದ ಊರಿನಲ್ಲಿ ಅಂಗಡಿ ಇಟ್ಟುಕೊಂಡು, ಮಕ್ಕಳ ಜೊತೆ ಗಾಂಜಾ ದಂಧೆ ನಡೆಸುವ ಹೆಂಗಸು. ತನ್ನನ್ನು ಎದುರು ಹಾಕಿಕೊಂಡ ಒಬ್ಬನಿಗೆ ಸೇಬಿನ ಘಮದ ಕಳ್ಳಬಟ್ಟಿ ಸುರಿದು ಕೊಡುತ್ತಾಳೆ. ತಾನೂ ಅದೇ ಜಾಡಿಯಿಂದ ಕುಡಿಯುತ್ತಾಳೆ. ವಿಷ ಇದ್ದದ್ದು ಜಾಡಿಯಲ್ಲಲ್ಲ, ಅವನ ಲೋಟದಲ್ಲಿ. ಅವನು ಒದ್ದಾಡುವಾಗ ಕೈ ಹಿಡಿದುಕೊಂಡು, ನಿನ್ನ ಮಗಳನ್ನು ನಾನು ನೋಡಿಕೊಳ್ಳುತ್ತೇನೆ ಅಂತ ಸಮಾಧಾನ ಮಾಡುತ್ತಾಳೆ. ಆ ಸಮಾಧಾನ ನಾಟಕವಲ್ಲ ಪುಟ್ಟಿ, ನಿಜವಾದದ್ದು. ಕೊಲ್ಲುವವಳ ದನಿಯಲ್ಲಿ ಅಷ್ಟು ಅಕ್ಕರೆ ನಾನು ಬೇರೆಲ್ಲೂ ಕೇಳಿಲ್ಲ.

ಈ ಪಾತ್ರಕ್ಕೆ 2011ರಲ್ಲಿ ಅಮೆರಿಕದ ಟೀವಿ ಲೋಕದ ದೊಡ್ಡ ಪ್ರಶಸ್ತಿ ಎಮ್ಮಿ ಬಂತು. ಆಗ ಅವರಿಗೆ 60. 'ದಿ ಅಮೆರಿಕನ್ಸ್' ಧಾರಾವಾಹಿಯಲ್ಲಿ ಸೋವಿಯತ್ ಗೂಢಚಾರರ ಮೇಲ್ವಿಚಾರಕಿ ಕ್ಲಾಡಿಯಾ ಪಾತ್ರಕ್ಕೆ 2015 ಮತ್ತು 2016ರಲ್ಲಿ ಮತ್ತೆರಡು. ಅರವತ್ತಕ್ಕೆ ಅದೃಷ್ಟ ಖುಲಾಯಿಸಿತು ಅಂತ ಜನ ಹೇಳಬಹುದು. ನನಗದು ಒಪ್ಪಿಗೆಯಿಲ್ಲ. ಪ್ರಶಸ್ತಿ ಬರೋಕ್ಕೆ ಎಷ್ಟೋ ಮುಂಚೆ, 2006ರ 'ಪ್ಯಾರಿಸ್, ಜ ತೆಮ್' ಸಿನಿಮಾದಲ್ಲಿ ಇವರನ್ನು ನೋಡು. ಡೆನ್ವರ್‌ನಲ್ಲಿ ಅಂಚೆ ಹಂಚುವ ಕೆರಲ್, ಒಬ್ಬಳೇ ಪ್ಯಾರಿಸ್‌ಗೆ ಹೋಗಿ, ಪಾರ್ಕಿನ ಬೆಂಚಿನ ಮೇಲೆ ಕೂತು ಸ್ಯಾಂಡ್‌ವಿಚ್ ತಿನ್ನುತ್ತಾಳೆ. ಅಷ್ಟೇ. ಸಂತೋಷ, ದುಃಖ ಎರಡೂ ಒಟ್ಟಿಗೇ ಮುಖದ ಮೇಲೆ ಬರುತ್ತವೆ. ಆಗ ಅವರಿಗೆ ಐವತ್ತು ದಾಟಿತ್ತು, ಹೆಸರು ಹೇಳಿದರೆ ಗುರುತು ಹಿಡಿಯುವವರು ಕಮ್ಮಿ. ಕೆಲಸ ಮಾತ್ರ ಆಗಲೇ ಪಕ್ಕಾ ಇತ್ತು ಅಲ್ವಾ?

ನಿನ್ನ ಪಾತ್ರ ಕೈತಪ್ಪಿದ್ದು ಅನ್ಯಾಯವೇ. ಅದನ್ನು ನಾನು ಸುಮ್ನೆ ಮರೆತುಬಿಡು ಅನ್ನಲ್ಲ. ಹೊಸ ನಾಟಕದಲ್ಲಿ ನಿನ್ನದು ಎರಡೇ ದೃಶ್ಯ ಅಂದೆಯಲ್ಲ, ಅದರ ಮಾತುಗಳನ್ನು ನನಗೆ ಕಳಿಸು. ಈ ಸಲ ಮನೆಗೆ ಬಂದಾಗ ಎದುರು ಪಾತ್ರದ ಮಾತು ನಾನು ಓದುತ್ತೇನೆ, ನೀನು ಮಾಡಿ ತೋರಿಸು.

ನಿನ್ನ
ಅಮ್ಮ